ಹಳೆಯ ಗೇಮ್‌ಪ್ಯಾಡ್ ಎಸೆಯುವ ಮುನ್ನ

ಲ್ಯಾಮಿಂಗ್ಟನ್ ರೋಡಿನಲ್ಲೋ ರಿಚಿ ಸ್ಟ್ರೀಟಿನಲ್ಲೋ 15 ವರ್ಷದ ಹಿಂದೆ ಕೊಂಡ ಯುಎಸ್‌ಬಿ ಗೇಮ್‌ಪ್ಯಾಡ್ ನಿಮ್ಮ ಮನೆಯ ಅಟ್ಟದಲ್ಲೂ ಇರಬಹುದು. ರಜೆಯಲ್ಲಿ ಮಕ್ಕಳು ಅದನ್ನು ಹುಡುಕಿ ತೆಗೆದು ಹೊಸ ಕಂಪ್ಯೂಟರಿಗೆ ಸಿಕ್ಕಿಸುತ್ತಾರೆ. ಕಂಪ್ಯೂಟರು 'ಟಣ್' ಎನ್ನುತ್ತದೆ, ಆಟದೊಳಗಿನ ಕಾರು ಮಾತ್ರ ಮಿಸುಕುವುದಿಲ್ಲ. ಕೆಟ್ಟಿದೆ ಎಂದು ಕಸಕ್ಕೆ ಹಾಕಬೇಡಿ. ಮೊದಲು ಪರೀಕ್ಷಿಸಿ.

ವಿಂಡೋಸ್ ಕೀಲಿಯ ಜೊತೆ 'ಆರ್' ಒತ್ತಿ, ಇಂಗ್ಲಿಷಿನಲ್ಲಿ ಜೆ-ಓ-ವೈ, ಚುಕ್ಕಿ, ಸಿ-ಪಿ-ಎಲ್ ಎಂದು ಬರೆದು ಎಂಟರ್ ಒತ್ತಿ. ಪಟ್ಟಿಯಲ್ಲಿ ಪ್ಯಾಡ್ ಕಂಡರೆ 'ಪ್ರಾಪರ್ಟೀಸ್' ತೆರೆದು ಗುಂಡಿಗಳನ್ನು ಒತ್ತಿ ನೋಡಿ. ಪರದೆಯ ಮೇಲೆ ಕೆಂಪು ಚುಕ್ಕೆಗಳು ಹೊತ್ತಿಕೊಂಡರೆ ಪ್ಯಾಡ್ ಗಟ್ಟಿಯಾಗಿದೆ. ಪಟ್ಟಿಯಲ್ಲೇ ಇಲ್ಲವೆಂದರೆ ಹಬ್ ಬಿಟ್ಟು ನೇರ ಪೋರ್ಟಿಗೆ ಹಾಕಿ. ಆಗಲೂ ಕಾಣದಿದ್ದರೆ ವೈರನ್ನು ಅನುಮಾನಿಸಿ.

ಪ್ಯಾಡ್ ಚೆನ್ನಾಗಿದ್ದೂ ಆಟಕ್ಕೆ ತಿಳಿಯದಿರುವುದು ಭಾಷೆಯ ತೊಡಕು. ಹಳೆಯವು ಮಾತಾಡುವುದು ಡೈರೆಕ್ಟ್‌ಇನ್‌ಪುಟ್. ಅದರಲ್ಲಿ ಗುಂಡಿ 1, ಗುಂಡಿ 2 ಎಂಬ ಅಂಕಿಗಳಷ್ಟೇ. ಯಾವ ಅಂಕಿ ಯಾವ ಗುಂಡಿಗೆ ಎನ್ನುವುದು ತಯಾರಿಸಿದವನ ಮರ್ಜಿ. 2005ರಲ್ಲಿ ಎಕ್ಸ್‌ಬಾಕ್ಸ್ 360 ಬಂದಾಗ ಮೈಕ್ರೋಸಾಫ್ಟ್ ಎಕ್ಸ್‌ಇನ್‌ಪುಟ್ ತಂದು ಗುಂಡಿಗಳ ಹೆಸರು, ಜಾಗ ಎಲ್ಲವನ್ನೂ ನಿಗದಿ ಮಾಡಿತು. ಎಷ್ಟೋ ಹೊಸ ಆಟಗಳಿಗೆ ಇದೊಂದೇ ಅರ್ಥವಾಗುತ್ತದೆ. ಹಾಗಾಗಿ ನಡುವೆ ಒಬ್ಬ ದುಭಾಷಿ ಬೇಕು. (ಪರಊರಲ್ಲಿರುವ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ!)

ಲಾಜಿಟೆಕ್ ಎಫ್310ರಂಥ ಪ್ಯಾಡ್‌ಗಳ ಬೆನ್ನಿಗೆ 'ಡಿ', 'ಎಕ್ಸ್' ಎಂಬ ಸ್ವಿಚ್ ಇದೆ. ಎಕ್ಸ್ ಕಡೆ ತಳ್ಳಿದರೆ ಮುಗಿಯಿತು. ಸ್ವಿಚ್ ಇಲ್ಲದವರಿಗೆ ಸ್ಟೀಮ್ ಇದೆ, ಕಾಸು ಬೇಡ. ಅದರ ಸೆಟ್ಟಿಂಗ್ಸ್‌ನ ಕಂಟ್ರೋಲರ್ ವಿಭಾಗದಲ್ಲಿ ಸ್ಟೀಮ್ ಇನ್‌ಪುಟ್ ಚಾಲೂ ಮಾಡಿ, ಅದು ತೋರಿಸಿದ ಗುಂಡಿಗಳನ್ನು ಒಂದೊಂದಾಗಿ ಒತ್ತುತ್ತಾ ಹೋಗಿ. ಬೇರೆಡೆ ಕೊಂಡ ಆಟವನ್ನೂ ಸ್ಟೀಮ್ ಪಟ್ಟಿಗೆ ಸೇರಿಸಿ ಅಲ್ಲಿಂದಲೇ ಶುರು ಮಾಡಬಹುದು.

ಮಕ್ಕಳಿಗೆ ಒಂದು ಮಾತು ಬಿಗಿಯಾಗಿ ಹೇಳಿಡಿ: 'ಗೇಮ್‌ಪ್ಯಾಡ್ ಡ್ರೈವರ್' ಎಂದು ಹುಡುಕಿ ಸಿಕ್ಕಿದ್ದನ್ನೆಲ್ಲ ಇಳಿಸಿಕೊಳ್ಳಬಾರದು. ಸಾಮಾನ್ಯ ಯುಎಸ್‌ಬಿ ಪ್ಯಾಡ್‌ಗೆ ಬೇಕಾದ ಡ್ರೈವರ್ ವಿಂಡೋಸ್‌ನಲ್ಲೇ ಇದೆ. ನೀವು ಬ್ಯಾಂಕಿನ ವ್ಯವಹಾರ ಮಾಡುವುದೂ ಅದೇ ಕಂಪ್ಯೂಟರಿನಲ್ಲಿ ತಾನೆ?

ಇಷ್ಟಾದ ಮೇಲೂ ಸ್ಟಿಕ್ಕು ಸರಿಯಾಗಿ ತಿರುಗದಿದ್ದರೆ ಪ್ಯಾಡಿನ ನಡುವೆ 'ಅನಲಾಗ್' ಎಂಬ ಗುಂಡಿ ಇದೆಯೇ ನೋಡಿ. ಒತ್ತಿದರೆ ಕೆಂಪು ದೀಪ ಹತ್ತುತ್ತದೆ.