ವಿದುರಾಶ್ವತ್ಥದ ಜಿಲ್ಲೆಯಲ್ಲಿ ಅಧಿಕಾರಿಗಳ ಆಳ್ವಿಕೆ

2016ರ ಫೆಬ್ರುವರಿಯಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಯ ಜನ ತಮ್ಮ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳಿಗೆ ಸದಸ್ಯರನ್ನು ಆರಿಸಿದರು. ಆ ಸದಸ್ಯರ ಅವಧಿ 2021ರಲ್ಲಿ ಮುಗಿಯಿತು. ಅದಾಗಿ 4 ವರ್ಷ ಉರುಳಿದರೂ ಮತ್ತೆ ಚುನಾವಣೆ ನಡೆಯಲಿಲ್ಲ. ರಾಜ್ಯದ ಉಳಿದ ಜಿಲ್ಲೆಗಳ ಪಾಡೂ ಅದೇ. ಚುನಾಯಿತ ಅಧ್ಯಕ್ಷರ ಜಾಗಕ್ಕೆ ಸರ್ಕಾರ ಆಡಳಿತಾಧಿಕಾರಿಗಳನ್ನು ನೇಮಿಸಿತು. ಜನರ ಮತವನ್ನು ಹೀಗೆ ವರ್ಷಗಟ್ಟಲೆ ತಡೆಹಿಡಿಯುವ ಅಧಿಕಾರ ಯಾವ ಪಕ್ಷದ ಸರ್ಕಾರಕ್ಕೂ ಇಲ್ಲ. ಈ ಮಾತನ್ನು ಗಟ್ಟಿಯಾಗಿ ಹೇಳುವ ಹಕ್ಕು ಇದೇ ಜಿಲ್ಲೆಯ ಗೌರಿಬಿದನೂರು ಸೀಮೆಗೆ ಎಲ್ಲರಿಗಿಂತ ಮೊದಲು ಸಲ್ಲಬೇಕು.

ಏಕೆಂದರೆ 1938ರ ಏಪ್ರಿಲ್ 25ರಂದು ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದಲ್ಲಿ ಜನ ಗುಂಡೇಟು ತಿಂದು ಸತ್ತದ್ದು ಇದೇ ಪ್ರಶ್ನೆಗಾಗಿ. ಅದಕ್ಕೆ ಎರಡು ವಾರ ಮೊದಲು ಮದ್ದೂರು ಬಳಿಯ ಶಿವಪುರದಲ್ಲಿ ಟಿ. ಸಿದ್ದಲಿಂಗಯ್ಯನವರ ನೇತೃತ್ವದಲ್ಲಿ ನಿಷೇಧಾಜ್ಞೆ ಮುರಿದು ತ್ರಿವರ್ಣ ಧ್ವಜ ಹಾರಿಸಲಾಗಿತ್ತು. ವಿದುರಾಶ್ವತ್ಥದಲ್ಲಿ ಆಗ ಜಾತ್ರೆಯ ಕಾಲ. ಹರಕೆ ತೀರಿಸಲು ಬಂದವರೂ ಬಾವುಟ ನೋಡಲು ಬಂದವರೂ ಸಾವಿರಾರು ಸಂಖ್ಯೆಯಲ್ಲಿ ಒಂದೇ ಕಡೆ ಸೇರಿದ್ದರು. ಪೊಲೀಸರು ಗುಂಡು ಹಾರಿಸಿದರು. ಸತ್ತವರು 10 ಮಂದಿ ಎಂದಿತು ಸರ್ಕಾರ. 30ಕ್ಕೂ ಹೆಚ್ಚು ಎಂದರು ಕಾಂಗ್ರೆಸ್ಸಿನವರು. ಸತ್ತವರ ಲೆಕ್ಕವನ್ನೂ ಸರ್ಕಾರವೇ ಬರೆದುಕೊಳ್ಳುವ ವ್ಯವಸ್ಥೆಯಲ್ಲಿ ಈ ಅಂತರ ಯಾರನ್ನೂ ಬೆರಗುಗೊಳಿಸಲಿಲ್ಲ.

ಬಾವುಟ ಹೋರಾಟದ ಕಣ್ಣಿಗೆ ಕಾಣುವ ಭಾಗ ಮಾತ್ರ. ಆಗ ಈ ಸೀಮೆಯನ್ನು ಒಳಗೊಂಡಿದ್ದ ಮೈಸೂರು ಸಂಸ್ಥಾನದಲ್ಲಿ ಕಾಂಗ್ರೆಸ್ ಕೇಳುತ್ತಿದ್ದದ್ದು ಜವಾಬ್ದಾರಿ ಸರ್ಕಾರ: ಆಳುವವರು ಅರಮನೆಗಲ್ಲ, ಪ್ರಜೆಗಳು ಆರಿಸಿದ ಸಭೆಗೆ ಉತ್ತರ ಹೇಳಬೇಕು. ಮೈಸೂರಿನಲ್ಲಿ ಸಭೆಗಳಿಗೆ ಬರವಿರಲಿಲ್ಲ. 1881ರಲ್ಲಿ ದಿವಾನ್ ರಂಗಾಚಾರ್ಲು ಕಾಲದಲ್ಲೇ ಪ್ರಜಾಪ್ರತಿನಿಧಿ ಸಭೆ ಹುಟ್ಟಿತ್ತು, 1907ರಲ್ಲಿ ಶಾಸನ ಪರಿಷತ್ತು ಬಂದಿತ್ತು. ಅಲ್ಲಿ ಪ್ರತಿನಿಧಿಗಳು ಮಾತನಾಡಬಹುದಿತ್ತು, ಅಹವಾಲು ಮಂಡಿಸಬಹುದಿತ್ತು. ಕೊನೆಯ ಮಾತು ಮಾತ್ರ ದಿವಾನರದು.

ಆ ದಿವಾನರು ಕೈಲಾಗದವರೇನಲ್ಲ. 1926ರಿಂದ 1941ರವರೆಗೆ ದಿವಾನರಾಗಿದ್ದ ಮಿರ್ಜಾ ಇಸ್ಮಾಯಿಲ್ ಸಮರ್ಥ ಆಡಳಿತಗಾರ. ಕಾರ್ಖಾನೆ, ವಿದ್ಯುತ್ತು, ಉದ್ಯಾನ ಎಲ್ಲದರಲ್ಲೂ ಮೈಸೂರು ಮಾದರಿ ಸಂಸ್ಥಾನ ಎನಿಸಿಕೊಂಡಿತ್ತು. ಹೀಗೆ ಆಡಳಿತ ಚೆನ್ನಾಗಿರುವಾಗ ಪ್ರಜೆಗಳಿಗೆ ಅಧಿಕಾರವೇಕೆ ಎಂಬ ವಾದಕ್ಕೆ ಆಗ ಬಹಳ ಬಲವಿತ್ತು. ವಿದುರಾಶ್ವತ್ಥದ ಗುಂಡಿನ ಸದ್ದು ಆ ವಾದದ ಟೊಳ್ಳನ್ನು ಬಯಲಿಗೆಳೆಯಿತು. ಎಷ್ಟೇ ದಕ್ಷನಾದರೂ ಪ್ರಶ್ನಿಸಲಾಗದ ಅಧಿಕಾರಿಯ ಕೈಯಲ್ಲಿ ಬಂದೂಕೂ ಇರುತ್ತದೆ. ಆ ಘಟನೆಯ ಬೆನ್ನಲ್ಲೇ ಕಾಂಗ್ರೆಸ್ ನಾಯಕರಾದ ವಲ್ಲಭಭಾಯಿ ಪಟೇಲ್ ಮತ್ತು ಕೃಪಲಾನಿ ಬೆಂಗಳೂರಿಗೆ ಬಂದರು. ಮೈಸೂರು ಬಾವುಟದ ಜೊತೆಗೆ ತ್ರಿವರ್ಣ ಧ್ವಜ ಹಾರಿಸಲು ಒಪ್ಪಿಗೆ ಸಿಕ್ಕಿತು. ಜವಾಬ್ದಾರಿ ಸರ್ಕಾರಕ್ಕೆ ಮಾತ್ರ ಇನ್ನೂ 9 ವರ್ಷ ಕಾಯಬೇಕಾಯಿತು. ದೇಶಕ್ಕೆ ಸ್ವಾತಂತ್ರ್ಯ ಬಂದ ಮೇಲೂ ‘ಮೈಸೂರು ಚಲೋ’ ಚಳವಳಿ ನಡೆದು, 1947ರ ಅಕ್ಟೋಬರಿನಲ್ಲಿ ಕೋಲಾರ ಸೀಮೆಯವರಾದ ಕೆ.ಸಿ. ರೆಡ್ಡಿಯವರ ಮಂತ್ರಿಮಂಡಲ ಬಂತು.

ಇಂದು ಜಿಲ್ಲಾ ಪಂಚಾಯಿತಿಯ ಮಾತೆತ್ತಿದರೆ ಕೇಳಿಬರುವುದು ಹಳೆಯ ದಿವಾನಗಿರಿಯ ವಾದವೇ. ಸದಸ್ಯರಿದ್ದರೆ ಜಗಳ, ಕಮಿಷನ್, ಗುಂಪುಗಾರಿಕೆ. ಅಧಿಕಾರಿಗಳಿದ್ದರೆ ಕೆಲಸ ಸುಸೂತ್ರ ಎನ್ನುತ್ತಾರೆ. ಸದಸ್ಯರು ಕಮಿಷನ್ ತಿಂದರೆ ಮುಂದಿನ ಚುನಾವಣೆಯಲ್ಲಿ ಜನ ಮನೆಗೆ ಕಳಿಸಬಹುದು. ಆಡಳಿತಾಧಿಕಾರಿಯನ್ನು ಶಿಡ್ಲಘಟ್ಟದ ಮತದಾರ ಎಲ್ಲಿಗೆ ಕಳಿಸಬೇಕು?

ತುರ್ತು ಪರಿಸ್ಥಿತಿಯನ್ನು ಪ್ರತಿವರ್ಷ ಜೂನ್ ತಿಂಗಳಲ್ಲಿ ನೆನೆಯುವವರು ಒಂದು ಲೆಕ್ಕ ಗಮನಿಸಬೇಕು. 1976ರಲ್ಲಿ ನಡೆಯಬೇಕಿದ್ದ ಲೋಕಸಭಾ ಚುನಾವಣೆಯನ್ನು ಇಂದಿರಾ ಗಾಂಧಿ ಸರ್ಕಾರ ಮುಂದೂಡಿತು. ಅದು ನಡೆದದ್ದು 1977ರ ಮಾರ್ಚ್‌ನಲ್ಲಿ. ಸುಮಾರು ಒಂದು ವರ್ಷದ ಆ ವಿಳಂಬ ಸರ್ವಾಧಿಕಾರದ ಗುರುತಾಗಿ ಚರಿತ್ರೆಯಲ್ಲಿ ಉಳಿದಿದೆ, ಉಳಿಯಬೇಕಾದದ್ದೇ. ಹಾಗಾದರೆ ಜಿಲ್ಲಾ ಪಂಚಾಯಿತಿಯ 4 ವರ್ಷಕ್ಕೂ ಮೀರಿದ ವಿಳಂಬ ಏಕೆ ಬರೀ ‘ತಾಂತ್ರಿಕ ಕಾರಣ’ವಾಯಿತು? ಪಂಚಾಯಿತಿಯ ಅವಧಿ 5 ವರ್ಷ, ಅದು ಮುಗಿಯುವ ಮೊದಲೇ ಚುನಾವಣೆ ಮುಗಿದಿರಬೇಕು ಎಂದು ಸಂವಿಧಾನದ 243ಇ ವಿಧಿ ಹೇಳುತ್ತದೆ. ಆ ವಿಧಿಯನ್ನು ತಂದ 73ನೇ ತಿದ್ದುಪಡಿ ಜಾರಿಗೆ ಬಂದದ್ದು 1993ರ ಏಪ್ರಿಲ್ 24ರಂದು. ಪಂಚಾಯತ್ ರಾಜ್ ದಿನದ ಮರುದಿನವೇ ವಿದುರಾಶ್ವತ್ಥದ ಹುತಾತ್ಮರ ದಿನ. ಎರಡೂ ದಿನ ಭಾಷಣ ಮಾಡಿದ ನಾಯಕರು ಚುನಾವಣೆಯ ದಿನಾಂಕ ಮಾತ್ರ ಹೇಳಲಿಲ್ಲ.

ಕಾರಣಗಳಿಗೇನೂ ಕೊರತೆಯಿಲ್ಲ. ಕೊರೊನಾ ಎಂದರು, ಆದರೆ 2020ರ ಡಿಸೆಂಬರಿನಲ್ಲಿ ಗ್ರಾಮ ಪಂಚಾಯಿತಿ ಚುನಾವಣೆ ನಡೆದಿತ್ತು. 2021ರಲ್ಲಿ ಬಿಜೆಪಿ ಸರ್ಕಾರ ಕಾಯ್ದೆಗೆ ತಿದ್ದುಪಡಿ ತಂದು, ಕ್ಷೇತ್ರ ಪುನರ್ವಿಂಗಡಣೆಯನ್ನು ರಾಜ್ಯ ಚುನಾವಣಾ ಆಯೋಗದ ಕೈಯಿಂದ ಕಿತ್ತು ಬೇರೆ ಆಯೋಗಕ್ಕೆ ಕೊಟ್ಟಿತು. ಹಿಂದುಳಿದ ವರ್ಗಗಳ ಮೀಸಲಾತಿಯ ಪ್ರಶ್ನೆ ಬಂತು, ಅದನ್ನು ಪರಿಶೀಲಿಸಲು ನೇಮಿಸಿದ ಭಕ್ತವತ್ಸಲ ಸಮಿತಿ ವರದಿ ಕೊಟ್ಟಿತು. 2023ರ ಮೇನಲ್ಲಿ ಕಾಂಗ್ರೆಸ್ ಬಂತು, ಚುನಾವಣೆ ಬರಲಿಲ್ಲ. ಇದೇ ಜಿಲ್ಲೆಯ ಮತಗಟ್ಟೆಗಳಲ್ಲಿ 2023ರಲ್ಲಿ ವಿಧಾನಸಭೆಗೆ, 2024ರ ಏಪ್ರಿಲ್ 26ರಂದು ಲೋಕಸಭೆಗೆ ಮತದಾನ ಸಾಂಗವಾಗಿ ನಡೆಯಿತು. ನಿಜ ಕಾರಣ ಹಳ್ಳಿಯ ಕಟ್ಟೆಯ ಮೇಲೆ ಎಲ್ಲರಿಗೂ ಗೊತ್ತು. ಜಿಲ್ಲಾ ಪಂಚಾಯಿತಿ ಸದಸ್ಯರಿಲ್ಲದಿದ್ದರೆ ಕಾಮಗಾರಿಯ ಪಟ್ಟಿಗೆ ಶಾಸಕರ ಮಾತೇ ಅಂತಿಮ, ನಾಳೆ ಟಿಕೆಟ್‌ಗೆ ಪೈಪೋಟಿ ಕೊಡುವ ಎರಡನೇ ಸಾಲಿನ ನಾಯಕರೂ ಬೆಳೆಯುವುದಿಲ್ಲ. ಈ ವಿಷಯದಲ್ಲಿ ಪಕ್ಷಭೇದವಿಲ್ಲ. 1987ರಲ್ಲಿ ಆಗಿನ ಪಂಚಾಯತ್ ರಾಜ್ ಸಚಿವ ಅಬ್ದುಲ್ ನಜೀರ್ ಸಾಬ್ ಕಟ್ಟಿದ ಜಿಲ್ಲಾ ಪರಿಷತ್ತುಗಳಿಗೂ 1992ರಲ್ಲಿ ಅವಧಿ ಮುಗಿದೊಡನೆ ಆಡಳಿತಾಧಿಕಾರಿಗಳೇ ಬಂದಿದ್ದರು.

ನಷ್ಟ ಏನೆಂದು ತಿಳಿಯಲು ಕೆರೆಗಳ ಕಡೆ ನೋಡಿದರೆ ಸಾಕು. ಎಚ್‌.ಎನ್. ವ್ಯಾಲಿ (ಹೆಬ್ಬಾಳ–ನಾಗವಾರ ಕಣಿವೆ) ಯೋಜನೆಯಲ್ಲಿ ಬೆಂಗಳೂರಿನ ಕೊಳಚೆ ನೀರನ್ನು ಎರಡನೇ ಹಂತದವರೆಗೆ ಶುದ್ಧೀಕರಿಸಿ ಈ ಜಿಲ್ಲೆಯ ಕೆರೆಗಳಿಗೆ ತುಂಬಿಸಲಾಗುತ್ತಿದೆ. ಮೂರನೇ ಹಂತದ ಶುದ್ಧೀಕರಣ ಬೇಕೆಂದು ನೀರಾವರಿ ಹೋರಾಟಗಾರರು ಕೇಳುತ್ತಲೇ ಇದ್ದಾರೆ. ಕೊಳವೆಬಾವಿಯಲ್ಲಿ ಫ್ಲೋರೈಡ್, ಕೆರೆಯಲ್ಲಿ ನಗರದ ನೀರು. ಆ ನೀರಿನ ಪರೀಕ್ಷಾ ವರದಿಯನ್ನು ಮೇಜಿನ ಮೇಲಿಡಿ ಎಂದು ಹಕ್ಕಿನಿಂದ ಕೇಳಬಹುದಾದ ಜಿಲ್ಲಾಮಟ್ಟದ ಚುನಾಯಿತ ಸಭೆಯೇ ಇಲ್ಲದೆ ವರ್ಷಗಳು ಕಳೆದವು.

ಹಳ್ಳಿಯವರ ಕೈಗೆ ಅಧಿಕಾರ ಕೊಟ್ಟರೆ ಅದು ಬಲಿಷ್ಠ ಜಾತಿಗಳ ಪಾಲಾಗುತ್ತದೆ ಎಂಬ ಆತಂಕವನ್ನು ಮಾತ್ರ ತಳ್ಳಿಹಾಕುವಂತಿಲ್ಲ. 2000ದ ಮಾರ್ಚ್ 11ರಂದು ಚಿಂತಾಮಣಿ ತಾಲ್ಲೂಕಿನ ಕಂಬಾಲಪಲ್ಲಿಯಲ್ಲಿ 7 ಮಂದಿ ದಲಿತರನ್ನು ಸುಟ್ಟು ಕೊಂದರು. ಮೊಕದ್ದಮೆಯಲ್ಲಿ ಆರೋಪಿಗಳು ಖುಲಾಸೆಯಾದರು. ಆದರೆ ಆ ಪ್ರಕರಣದಲ್ಲಿ ಸೋತದ್ದು ಪೊಲೀಸ್, ತನಿಖೆ, ನ್ಯಾಯದಾನ. ಎಲ್ಲವೂ ಅಧಿಕಾರಿಗಳ ಕೈಯಲ್ಲಿದ್ದ ವ್ಯವಸ್ಥೆಗಳೇ. ಪರಿಶಿಷ್ಟರಿಗೂ ಹಿಂದುಳಿದವರಿಗೂ ಮೀಸಲು ಸ್ಥಾನ, ಮಹಿಳೆಯರಿಗೆ ಅರ್ಧದಷ್ಟು ಪಾಲು ಇರುವುದು ಪಂಚಾಯಿತಿಯಲ್ಲಿ. ದಲಿತ ಮಹಿಳೆಯೊಬ್ಬರು ಸಭೆಯಲ್ಲಿ ಎದ್ದುನಿಂತು ಅಧಿಕಾರಿಯಿಂದ ಲೆಕ್ಕ ಕೇಳಬಹುದಾಗಿದ್ದ ಆ ಜಾಗವನ್ನೇ ಚುನಾವಣೆ ನಡೆಸದೆ ಕಸಿದುಕೊಳ್ಳಲಾಯಿತು.

ಆದ್ದರಿಂದ ಬೇಡಿಕೆ ಸ್ಪಷ್ಟವಾಗಿರಬೇಕು. 2021ರ ತಿದ್ದುಪಡಿಯನ್ನು ರದ್ದು ಮಾಡಿ, ಕ್ಷೇತ್ರ ಪುನರ್ವಿಂಗಡಣೆಯನ್ನೂ ಮೀಸಲಾತಿ ನಿಗದಿಯನ್ನೂ ರಾಜ್ಯ ಚುನಾವಣಾ ಆಯೋಗದ ಕೈಗೇ ಒಪ್ಪಿಸಬೇಕು. ಅವಧಿ ಮುಗಿಯುವ 6 ತಿಂಗಳ ಮೊದಲೇ ಆ ಕೆಲಸ ಮುಗಿಯಬೇಕು. ಮುಗಿಯದಿದ್ದರೆ ಹಳೆಯ ಕ್ಷೇತ್ರ, ಹಳೆಯ ಮೀಸಲಾತಿಯಲ್ಲೇ ಚುನಾವಣೆ ನಡೆಯಬೇಕು ಎಂದು ಕಾಯ್ದೆಯಲ್ಲೇ ಬರೆಯಬೇಕು. ಚಿಕ್ಕಬಳ್ಳಾಪುರ ಜಿಲ್ಲೆಯ ಶಾಸಕರು ಯಾವ ಪಕ್ಷದವರಾದರೂ ವಿಧಾನಸಭೆಯಲ್ಲಿ ಇಂಥ ಮಸೂದೆಯ ಪರ ನಿಲ್ಲುತ್ತಾರೋ ಇಲ್ಲವೋ ಎಂದು ಏಪ್ರಿಲ್ 25ರಂದು ವಿದುರಾಶ್ವತ್ಥಕ್ಕೆ ಬಂದಾಗ ಜನ ಅವರನ್ನು ಕೇಳಬೇಕು.