ಆಡಿಟರ್ ಕೆಲಸ ಬಿಟ್ಟು ವಿಲನ್ ಆದವರು

ಬಿಕಾಂ ಓದೋ ನಾವೆಲ್ಲ ಜಾಕ್ ಎಲಾಮ್ ಹೆಸರು ತಿಳ್ಕೊಂಡಿರ್ಬೇಕು ಅನ್ನೋದು ನನ್ನ ವಾದ. ಗೊತ್ತಿಲ್ವಾ? ಮುಖ ನೋಡಿದ್ರೆ ಮಾತ್ರ ಮರೆಯಲ್ಲ.

1968ರ ‘ಒನ್ಸ್ ಅಪಾನ್ ಎ ಟೈಮ್ ಇನ್ ದಿ ವೆಸ್ಟ್’ ಶುರುವಿನಲ್ಲಿ ಮೂವರು ಬಂದೂಕು ಹಿಡಿದು ರೈಲಿಗೆ ಕಾಯ್ತಿರ್ತಾರೆ. ಒಬ್ಬನ ಮುಖದ ಮೇಲೆ ನೊಣ ಕೂರುತ್ತೆ. ಊದ್ತಾನೆ, ಹೋಗಲ್ಲ. ಕೊನೆಗೆ ಅದನ್ನ ಪಿಸ್ತೂಲಿನ ನಳಿಕೆಯಲ್ಲಿ ಹಿಡಿದು, ಕಿವಿ ಹತ್ರ ಇಟ್ಕೊಂಡು, ಅದು ಗುಂಯ್ ಅನ್ನೋದನ್ನ ಕೇಳ್ತಾ ನಗ್ತಾನೆ. ಡೈಲಾಗೇ ಇಲ್ಲ. ರೈಲು ಹೊರಟ ಮೇಲೆ ಚಾರ್ಲ್ಸ್ ಬ್ರಾನ್ಸನ್ ಗುಂಡಿಗೆ ಸತ್ತೂ ಹೋಗ್ತಾನೆ. ಎರಡೂವರೆ ಗಂಟೆ ದಾಟೋ ಸಿನಿಮಾದಲ್ಲಿ ನನಗೆ ಮೊದಲು ನೆನಪಾಗೋದು ಆ ನೊಣ!

ಆ ನಟನೇ ಎಲಾಮ್. 1920ರಲ್ಲಿ ಅರಿಜೋನಾದಲ್ಲಿ ಹುಟ್ಟಿದವರು. ಚಿಕ್ಕವರಿದ್ದಾಗ ಪೆನ್ಸಿಲ್ ಚುಚ್ಚಿ ಎಡಗಣ್ಣು ಹೋಯ್ತು, ಆ ಕಣ್ಣು ಒಂದು ಕಡೆ ವಾಲಿಬಿಡ್ತು. ಮುಂದೆ ಹಿಡಿದಿದ್ದು ಲೆಕ್ಕಪತ್ರದ ಕೆಲಸ. ಹಾಲಿವುಡ್‌ನ ಗೋಲ್ಡ್‌ವಿನ್ ಸ್ಟುಡಿಯೋದಲ್ಲಿ ಆಡಿಟರ್. ಲೆಡ್ಜರ್ ನೋಡಿ ನೋಡಿ ಉಳಿದ ಕಣ್ಣಿಗೂ ಆಪತ್ತು ಬಂತು. ಈ ಕೆಲಸ ಬಿಡದಿದ್ರೆ ಅದೂ ಹೋಗುತ್ತೆ ಅಂದ್ರು ಡಾಕ್ಟರ್.

ಇಷ್ಟಕ್ಕೆ ಹಿಂದೊಂದು ಮ್ಯೂಸಿಕ್ ಹಾಕಿ ‘ಕೆಲಸ ಬಿಟ್ಟ, ಕನಸು ಹಿಡಿದ’ ಅಂತ ರೀಲ್ಸ್ ಮಾಡ್ಬಹುದು. ನನಗದು ಒಪ್ಪಿಗೆ ಇಲ್ಲ. ಅವರು ಕೆಲಸ ಬಿಟ್ಟಿದ್ದು ಕಣ್ಣು ಉಳಿಸ್ಕೊಳ್ಳೋಕೆ. ಸಿನಿಮಾದೊಳಗೆ ಬಂದಿದ್ದು ಅದೇ ಅಕೌಂಟ್ಸ್ ಜ್ಞಾನದ ಬಲದಿಂದ. ವೆಸ್ಟರ್ನ್ ತೆಗೆಯೋಕೆ ಬಂಡವಾಳ ಸಿಗದೆ ಒದ್ದಾಡ್ತಿದ್ದ ನಿರ್ದೇಶಕರೊಬ್ಬರಿಗೆ ಹಣ ಹೊಂದಿಸೋಕೆ ನೆರವಾದ್ರು, ಅದಕ್ಕೆ ಪ್ರತಿಯಾಗಿ ವಿಲನ್ ಪಾತ್ರ ಕೇಳಿದ್ರು. ಎಂಥ ಲೆಕ್ಕಾಚಾರ ಗುರು! ನಮ್ಮನ್ನ ನೋಡಿದ್ರೆ ಎಲ್ಲರೂ ತೋರಿಸೋದು ಎರಡೇ ದಾರಿ. ಟ್ಯಾಲಿ ಕಲಿತು ಆಫೀಸು ಸೇರು, ಇಲ್ಲಾಂದ್ರೆ ಎಲ್ಲ ಬಿಟ್ಟು ಪ್ಯಾಶನ್ ಹಿಂದೆ ಓಡು. ಎಲಾಮ್ ಒಂದನ್ನ ಕೊಟ್ಟು ಇನ್ನೊಂದನ್ನ ಕೊಂಡ್ಕೊಂಡ್ರು.

ಹಾಗಂತ ರಾತ್ರೋರಾತ್ರಿ ಸ್ಟಾರ್ ಆಗ್ಲಿಲ್ಲ. 1952ರ ‘ಹೈ ನೂನ್’ಗೆ ನಾಲ್ಕು ಆಸ್ಕರ್ ಬಂತು. ಅದರಲ್ಲಿ ಜೈಲಲ್ಲಿ ಬಿದ್ದಿರೋ ಕುಡುಕ ಇವರೇ, ಟೈಟಲ್ ಕಾರ್ಡಲ್ಲಿ ಹೆಸರೂ ಇಲ್ಲ. ಆಮೇಲೆ ‘ವೆರಾ ಕ್ರೂಜ್’, ‘ಗನ್‌ಫೈಟ್ ಅಟ್ ದಿ ಓ.ಕೆ. ಕೊರಲ್’, ಟಿವಿಯಲ್ಲಿ ‘ಗನ್‌ಸ್ಮೋಕ್’. ಸಣ್ಣ ಸಣ್ಣ ಪಾತ್ರಗಳೇ, ಹೆಚ್ಚಿನವು ಕೆಟ್ಟವನದ್ದು. 1969ರಲ್ಲಿ ‘ಸಪೋರ್ಟ್ ಯುವರ್ ಲೋಕಲ್ ಶೆರಿಫ್’ ಬಂದಾಗ ಎಲ್ಲ ಉಲ್ಟಾ. ಹೆದರಿಸ್ತಿದ್ದ ಅದೇ ಕಣ್ಣು ಈಗ ನಗಿಸೋಕೆ ಶುರು ಮಾಡ್ತು. ಅಷ್ಟೊತ್ತಿಗೆ ಅವರಿಗೆ ಐವತ್ತು ಹತ್ರ ಬಂದಿತ್ತು. 2003ರಲ್ಲಿ, 82ನೇ ವಯಸ್ಸಿನಲ್ಲಿ ತೀರಿಕೊಂಡರು.

ಪೋಷಕ ನಟ ಅಂದ್ರೆ ಹೀರೋ ಆಗೋಕೆ ಆಗದವನು ಅಂತ ಕಾಮೆಂಟ್ ಹಾಕೋರು ಆ ನೊಣದ ಸೀನ್ ಒಂದ್ಸಲ ನೋಡಿ, ಆಮೇಲೆ ಜಗಳಕ್ಕೆ ಬನ್ನಿ. ಇಂಟರ್ನಲ್ಸ್ ಮುಗಿದವರು ‘ಶೆರಿಫ್’ ಪೂರ್ತಿ ನೋಡಿ. ಕೊನೇಲಿ ಎಲಾಮ್ ಸೀದಾ ಕ್ಯಾಮೆರಾ ನೋಡ್ಕೊಂಡು ತನ್ನ ಪಾತ್ರ ಮುಂದೆ ಏನಾಗುತ್ತೆ ಅಂತ ತಾನೇ ಹೇಳ್ತಾರೆ. ಏನು ಹೇಳ್ತಾರೆ ಅಂತ ನಾನಂತೂ ಬಾಯಿ ಬಿಡಲ್ಲ.