ಕಾರಣ ಹೇಳಿ, ಆಮೇಲೆ ವಜಾ ಮಾಡಿ

ಅಪ್ಪನ ಜಮೀನಿನಲ್ಲಿ ಪಾಲು ಕೇಳಿದ ಹೆಣ್ಣುಮಗಳು ಮೊದಲು ಕಳೆದುಕೊಳ್ಳುವುದು ತವರನ್ನು. ಅಣ್ಣ ಮಾತು ಬಿಡುತ್ತಾನೆ. ಪಂಚಮಿ ಹಬ್ಬಕ್ಕೆ ಕರೆಯಲು ಯಾರೂ ಬರುವುದಿಲ್ಲ. ಅದನ್ನೆಲ್ಲ ನುಂಗಿಕೊಂಡು ಆಕೆ ತಾಲ್ಲೂಕು ಕೋರ್ಟಿನ ಮೆಟ್ಟಿಲು ಹತ್ತುತ್ತಾಳೆ. ವಕಾಲತ್ತಿಗೆ ಹೆಬ್ಬೆಟ್ಟು ಒತ್ತಿ, ಪಹಣಿ, ವಂಶವೃಕ್ಷ ಹೊಂದಿಸಿ, ತಾರೀಖು ಬಂದಾಗಲೆಲ್ಲ ಕೂಲಿ ಬಿಟ್ಟು ಓಡಾಡುತ್ತಾಳೆ. ಅಲ್ಲಿ ಸೋತರೆ ಮೊದಲ ಮೇಲ್ಮನವಿ, ಅಲ್ಲೂ ಸೋತರೆ ಹೈಕೋರ್ಟ್. ಎಷ್ಟೋ ಸಲ ಎದುರಾಳಿಗೆ ನೋಟಿಸ್ ಕೂಡ ಹೋಗುವುದಿಲ್ಲ. ಅಡ್ಮಿಷನ್ ಹಂತದಲ್ಲೇ ಡಿಸ್ಮಿಸ್! ಆ ಆದೇಶ ಇಂಗ್ಲಿಷಿನಲ್ಲಿರುತ್ತದೆ. ತಾನು ಯಾಕೆ ಸೋತೆ ಎಂಬುದನ್ನು ತಿಳಿಯಲೂ ಆಕೆ ಇನ್ನೊಬ್ಬರ ಕಾಲು ಹಿಡಿಯಬೇಕು.

ಸೋತದ್ದು ಆಕೆಯ ತಪ್ಪಿನಿಂದಲೇ? 2005ರಲ್ಲಿ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ತಿದ್ದುಪಡಿ ಬಂತು, ಮಗಳೂ ಮಗನಂತೆ ಹುಟ್ಟಿನಿಂದಲೇ ಪಾಲುದಾರಳು ಎಂದಿತು. ಆದರೆ 2015ರಲ್ಲಿ, ನಮ್ಮ ಕರ್ನಾಟಕದಿಂದಲೇ ಹೋದ ಪ್ರಕರಣವೊಂದರಲ್ಲಿ, ಸುಪ್ರೀಂ ಕೋರ್ಟ್ ಹೊಸ ಗೆರೆ ಎಳೆಯಿತು: 2005ರ ಸೆಪ್ಟೆಂಬರ್ 9ರಂದು ಅಪ್ಪ ಬದುಕಿದ್ದರೆ ಮಾತ್ರ ಈ ಹಕ್ಕು. ಅಪ್ಪ ಅದಕ್ಕೂ ಮುಂಚೆ ತೀರಿಕೊಂಡಿದ್ದರೆ ಮಗಳಿಗೆ ಇಲ್ಲ! 2020ರ ಆಗಸ್ಟ್ 11ರಂದು ಅದೇ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠ ಆ ತೀರ್ಪನ್ನು ತಳ್ಳಿಹಾಕಿತು. ಅಪ್ಪ ಬದುಕಿರಬೇಕೆಂಬ ಷರತ್ತು ಕಾನೂನಿನಲ್ಲಿ ಇಲ್ಲವೇ ಇಲ್ಲ ಎಂದಿತು. ಬಾಕಿ ಇರುವ ಕೇಸುಗಳನ್ನು ಸಾಧ್ಯವಾದಷ್ಟೂ ಆರು ತಿಂಗಳೊಳಗೆ ಮುಗಿಸಿ ಎಂದೂ ಹೇಳಿತು.

ಬಾಕಿ ಇರುವವರಿಗೆ ನ್ಯಾಯ ಸಿಗಲಿ. ಆದರೆ ಆ ಐದು ವರ್ಷಗಳಲ್ಲಿ ತಪ್ಪು ತೀರ್ಪನ್ನೇ ಆಧಾರ ಮಾಡಿಕೊಂಡು ವಜಾ ಮಾಡಿದ ಮೇಲ್ಮನವಿಗಳ ಗತಿಯೇನು? ಕೋರ್ಟು ತನ್ನ ತಪ್ಪನ್ನು ತಿದ್ದಿಕೊಂಡಿತು, ಆ ತಪ್ಪಿಗೆ ಹೊಲ ಕಳೆದುಕೊಂಡವಳಿಗೆ ಮಾತ್ರ ‘ನಿನ್ನದು ಮುಗಿದ ಕೇಸು’ ಎಂದಿತು. ರಿವ್ಯೂ ಅರ್ಜಿ ಹಾಕೋಣವೆಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 47ನೇ ಆದೇಶದ ವಿವರಣೆ ಅಡ್ಡ ನಿಂತಿದೆ: ಬೇರೆ ಪ್ರಕರಣದಲ್ಲಿ ಮೇಲಿನ ಕೋರ್ಟು ಕಾನೂನನ್ನು ಬದಲಿಸಿ ಹೇಳಿತೆಂಬುದು ರಿವ್ಯೂಗೆ ಕಾರಣವಾಗಲಾರದು.

ಈ ವಿವರಣೆ ಬಂದದ್ದು 1976ರಲ್ಲಿ, ತುರ್ತುಪರಿಸ್ಥಿತಿಯ ಕಾಲದಲ್ಲಿ. ಎರಡನೇ ಮೇಲ್ಮನವಿಗೆ ‘ಮಹತ್ವದ ಕಾನೂನು ಪ್ರಶ್ನೆ’ ಇರಲೇಬೇಕೆಂದು 100ನೇ ಸೆಕ್ಷನ್ ಬಿಗಿಯಾದದ್ದೂ ಅದೇ ತಿದ್ದುಪಡಿಯಲ್ಲಿ. ಬಡತನದ ಕಾರಣಕ್ಕೆ ಯಾರಿಗೂ ನ್ಯಾಯ ತಪ್ಪಬಾರದೆಂಬ 39ಎ ವಿಧಿಯನ್ನು ಸಂವಿಧಾನಕ್ಕೆ ಸೇರಿಸಿದ್ದೂ ಅದೇ ವರ್ಷ, ಅದೇ ಸಂಸತ್ತು! 2002ರಲ್ಲಿ ಇನ್ನೊಂದು ಬೇಲಿ ಬಿತ್ತು: 25,000 ರೂಪಾಯಿವರೆಗಿನ ಹಣದ ದಾವೆಗೆ ಎರಡನೇ ಮೇಲ್ಮನವಿಯೇ ಇಲ್ಲ. ಆ ಹಣ ಕೂಲಿಯವನಿಗೆ ಎಷ್ಟು ತಿಂಗಳ ದುಡಿಮೆ ಎಂದು ಕೇಳಿದವರು ಯಾರು?

ವ್ಯಾಜ್ಯಕ್ಕೆ ಒಂದು ಕೊನೆ ಬೇಡವೇ ಎನ್ನುತ್ತಾರೆ. ಬೇಕು. ಮೇಲ್ಮನವಿಯ ಮೇಲೆ ಮೇಲ್ಮನವಿ ಹಾಕಿ ಬಡವರನ್ನು ಸುಸ್ತು ಮಾಡುವ ಜಮೀನ್ದಾರರನ್ನು ನಾವೂ ಕಂಡಿದ್ದೇವೆ. ಆದರೆ ಕೊನೆ ಎಂದರೆ ಕೇಳಿ, ತೂಗಿ, ಕಾರಣ ಕೊಟ್ಟು ಮುಗಿಸುವುದು. ಸಾಕ್ಷ್ಯದ ವಿಚಾರದಲ್ಲಿ ಮೊದಲ ಮೇಲ್ಮನವಿಯ ಕೋರ್ಟೇ ಕೊನೆಯದು. ಅದು ಕೆಳಗಿನ ತೀರ್ಪನ್ನು ಹಾಗೆಯೇ ಎತ್ತಿ ಬರೆದು ‘ಒಪ್ಪಿದ್ದೇವೆ’ ಎಂದರೆ, ಮೇಲಿನವರು ‘ಎರಡೂ ಕೋರ್ಟುಗಳ ಅಭಿಪ್ರಾಯ ಒಂದೇ’ ಎಂದು ಕೈತೊಳೆದುಕೊಂಡರೆ, ಆಕೆಯ ಸಾಕ್ಷ್ಯವನ್ನು ಎರಡನೇ ಸಲ ಓದಿದವರು ಯಾರು?

ಇನ್ನು ದೆಹಲಿ. 136ನೇ ವಿಧಿಯಡಿ ಹಾಕಿದ ವಿಶೇಷ ಅನುಮತಿ ಅರ್ಜಿ ಒಂದೇ ಸಾಲಿನಲ್ಲಿ ವಜಾ ಆಗಬಹುದು. ಕಾರಣ ಹೇಳದೆ ಹೀಗೆ ವಜಾ ಮಾಡಿದರೆ ಕೆಳಗಿನ ತೀರ್ಪು ಸರಿ ಎಂದರ್ಥವಲ್ಲ ಎಂದು ಸುಪ್ರೀಂ ಕೋರ್ಟೇ 2000ದಲ್ಲಿ ಹೇಳಿದೆ. ಹಾಗಾದರೆ ಆಕೆ ಸರಿಯೋ ತಪ್ಪೋ ಎಂದು ಹೇಳದೆಯೇ ಆಕೆಯ ಹೊಲ ಹೋಯಿತಲ್ಲ!

ನಾವು ಕೇಳುತ್ತಿರುವುದು ಭಿಕ್ಷೆಯಲ್ಲ. ವಜಾ ಮಾಡುವುದಾದರೆ ಕಾರಣ ಬರೆಯಿರಿ, ಅದರ ಕನ್ನಡ ಪ್ರತಿಯನ್ನು ಆಕೆಯ ಕೈಗೆ ಕೊಡಿ. 2024ರ ಡಿಸೆಂಬರ್‌ನಲ್ಲಿ ನಮ್ಮ ಹೈಕೋರ್ಟೇ ಕನ್ನಡದಲ್ಲಿ ತೀರ್ಪು ಕೊಟ್ಟು ಇದು ಸಾಧ್ಯವೆಂದು ತೋರಿಸಿದೆ. 47ನೇ ಆದೇಶದ ಆ ವಿವರಣೆಯನ್ನು ಸಂಸತ್ತು ಕಿತ್ತುಹಾಕಲಿ. 2015ರಿಂದ 2020ರವರೆಗೆ ತಪ್ಪು ಕಾನೂನಿನಿಂದ ಸೋತ ಹೆಣ್ಣುಮಕ್ಕಳ ಕೇಸುಗಳನ್ನು ಮತ್ತೆ ತೆರೆಯಲು ಕಾಯ್ದೆ ತರಲಿ. ತಪ್ಪು ಮಾಡಿದ್ದು ಕೋರ್ಟು. ಅದರ ದಂಡವನ್ನು ಆ ಹೆಣ್ಣುಮಕ್ಕಳು ಇನ್ನೂ ಎಷ್ಟು ವರ್ಷ ಕಟ್ಟಬೇಕು?